ಎಫ್ ಡ್ರೈವ್ ಎಲ್ಲಿಂದ ಬಂತು

ಪರದೆಯ ಮೇಲೆ ಚಿಕ್ಕದೊಂದು ಚೌಕ ತೆರೆದುಕೊಂಡು, ವಿಂಡೋಸ್ 98ರ ಸಿಡಿ ಹಾಕಿ ಎಂದು ಕೇಳಿತು.

ಹೊಸ ಪ್ರಿಂಟರ್ ಜೋಡಿಸಿದಾಗೆಲ್ಲ ಅದು ಕೇಳುವುದೇ. ಯಶೋಧರಾ ಸಿಡಿ ಇಟ್ಟು ತಟ್ಟೆಯನ್ನು ಒಳಗೆ ತಳ್ಳಿದಳು. ಎಂಟರ್ ಒತ್ತಲು ಹೋದ ಬೆರಳು ಅಲ್ಲೇ ನಿಂತಿತು.

ಸಿಡಿಯನ್ನು ಯಾವ ಡ್ರೈವಿನಲ್ಲಿ ಹುಡುಕಬೇಕು ಎಂಬುದನ್ನು ಚೌಕದ ಕೆಳಸಾಲಿನಲ್ಲಿ ಕಂಪ್ಯೂಟರ್ ತಾನೇ ಬರೆದಿತ್ತು. ಎಫ್.

ಅವಳು ಮತ್ತೊಮ್ಮೆ ಓದಿದಳು. ಅಕ್ಷರ ಬದಲಾಗಲಿಲ್ಲ.

ಪಕ್ಕದ ಕುರ್ಚಿಯಲ್ಲಿದ್ದ ಸಬ್‌ಇನ್ಸ್‌ಪೆಕ್ಟರ್ ಪ್ರೇಮ್‌ಕುಮಾರ್ ಏನಾಯಿತೆಂದು ಕೇಳಿದ. ಏನಿಲ್ಲ ಎಂದಳು. ಎದ್ದು ಹೋಗಿ ಹೂಜಿಯಿಂದ ನೀರು ಬಗ್ಗಿಸಿಕೊಂಡು ಕುಡಿದಳು. ಟಿ. ನರಸೀಪುರದ ಬಸ್‌ಸ್ಟ್ಯಾಂಡಿನ ಎದುರು, ಟೈಲರ್ ಅಂಗಡಿಯ ಮೇಲಿನ ಆ ಎರಡು ಕೋಣೆಯ ಕಂಪ್ಯೂಟರ್ ಕೇಂದ್ರ ಅವಳದೇ. ಅಲ್ಲಿನ ಎಂಟು ಕಂಪ್ಯೂಟರುಗಳಿಗೂ ವಿಂಡೋಸ್ ಹಾಕಿದವಳು ಅವಳೇ. ಆ ಎಂಟರಲ್ಲಿ ಯಾವುದನ್ನು ಕೇಳಿದರೂ ಈ ಚೌಕದಲ್ಲಿ ಇ ಎಂದು ಬರುತ್ತದೆ. ಎಫ್ ಎಂದು ಬಂದದ್ದನ್ನು ಅವಳು ಈವರೆಗೆ ನೋಡಿರಲಿಲ್ಲ.

ಮೇಜಿನ ಮೇಲಿದ್ದ ಕಂಪ್ಯೂಟರ್ ಮಾತ್ರ ಅವಳದಲ್ಲ. ಅದು ನಂಜನಗೂಡಿನ ತ್ರಿಧಾರಾ ಬಣ್ಣದ ಕಾರ್ಖಾನೆಯಲ್ಲಿ ಕೂಲಿಗಳ ಹಾಜರಿ ಬರೆಯುವ ಟೈಮ್ ಆಫೀಸಿನದು. ಕಳೆದ ತಿಂಗಳು ಕಲ್ಲಯ್ಯ ಎಂಬ ಕೂಲಿಯ ಹೆಣ ಕಪಿಲೆಯಲ್ಲಿ ತೇಲಿಬಂದ ಮೇಲೆ ಪೊಲೀಸರು ಅದನ್ನು ವಶಕ್ಕೆ ತೆಗೆದುಕೊಂಡಿದ್ದರು. ಕೋರ್ಟಿಗೆ ಹಾಜರಿ ಪಟ್ಟಿಯ ಪ್ರಿಂಟ್ ಬೇಕಾಗಿದ್ದರಿಂದ ಈ ಶುಕ್ರವಾರ ಪ್ರೇಮ್‌ಕುಮಾರ್ ಅದನ್ನು ಎರಡನೆಯ ಸಲ ಜೀಪಿನಲ್ಲಿ ಹೊತ್ತು ತಂದಿದ್ದ.

ಪಟ್ಟಿಯಲ್ಲಿ ಕಲ್ಲಯ್ಯ, ಹೆಣ ಸಿಗುವ ಮುಂಚಿನ ಶನಿವಾರ ಮಧ್ಯಾಹ್ನ ಎರಡು ಹತ್ತಕ್ಕೆ ಗೇಟಿನಿಂದ ಹೊರಗೆ ಹೋಗಿದ್ದ. ಹೊಳೆಗೆ ಸ್ನಾನಕ್ಕಿಳಿದು ಸತ್ತನೆಂದು ಕಾರ್ಖಾನೆಯವರ ಹೇಳಿಕೆ. ಆದರೆ ಮೂರು ಗಂಟೆಯ ಮೇಲೆ ಅವನು ಬಣ್ಣದ ನೀರಿನ ಟ್ಯಾಂಕಿಗೆ ಇಳಿಯುತ್ತಿದ್ದುದನ್ನು ದೂರದಿಂದ ಕಂಡೆನೆಂದು ಇನ್ನೊಬ್ಬ ಕೂಲಿ ಹೇಳಿದ. ಹಾಗಾದರೆ ಪಟ್ಟಿಯನ್ನು ಯಾರೋ ತಿದ್ದಿದ್ದಾರೆ. ಪಾಸ್‌ವರ್ಡ್ ಗೊತ್ತಿದ್ದದ್ದು ಟೈಮ್ ಆಫೀಸಿನ ಗುಮಾಸ್ತ ರಘುವಿಗೆ ಮಾತ್ರ ಎಂದು ಮ್ಯಾನೇಜರ್ ಹೇಳಿದ. ರಘು ಇಪ್ಪತ್ತೆರಡು ದಿನದಿಂದ ಮೈಸೂರು ಜೈಲಿನಲ್ಲಿದ್ದ.

ರಘುವಿನ ಪರವಾಗಿ ಇದ್ದದ್ದು ಅವನದೇ ಒಂದು ಮಾತು. ಆ ಶನಿವಾರದ ಮರುದಿನ, ಭಾನುವಾರ, ಕೊಡೆ ಮರೆತುಹೋಗಿತ್ತೆಂದು ಆಫೀಸಿಗೆ ಹೋದಾಗ ಮೆಕ್ಯಾನಿಕ್ ಒಬ್ಬ ಆ ಕಂಪ್ಯೂಟರಿಗೆ ಹೊಸದಾಗಿ ವಿಂಡೋಸ್ ಹಾಕುತ್ತಿದ್ದ. ಕಪ್ಪು ಪರದೆಯಲ್ಲಿ ಹಿಂದೆಂದೂ ಇರದ ಡಿ ಎಂಬ ಡ್ರೈವ್ ಕಂಡಿತು, ಅದರೊಳಗೆ ತನ್ನದೇ ಹಾಜರಿ ಫೈಲುಗಳಿದ್ದವು ಎಂದು ರಘು ಹೇಳಿದ್ದ. ಸೋಮವಾರ ಬಂದು ನೋಡಿದರೆ ಡಿ ಇರಲಿಲ್ಲ.

ಪೊಲೀಸರು ಆಗ ಕಂಪ್ಯೂಟರನ್ನೂ ಆ ಮಾತನ್ನೂ ತಂದು ಯಶೋಧರಾಳ ಮುಂದಿಟ್ಟು ಪರಿಣತರ ಅಭಿಪ್ರಾಯ ಕೇಳಿದ್ದರು. ಅವಳು ಒಂದು ಹಾಳೆಯಲ್ಲಿ ಬರೆದುಕೊಟ್ಟಿದ್ದಳು. ವಿಂಡೋಸ್ ಹಾಕುವಾಗ ಫ್ಲಾಪಿಯಿಂದ ತಾತ್ಕಾಲಿಕ ಡ್ರೈವ್ ಒಂದು ಕಾಣಿಸಿಕೊಳ್ಳುವುದು ಸಹಜ. ಅದಕ್ಕೆ ಡಿ ಎಂಬ ಅಕ್ಷರ ಬರುತ್ತದೆ. ಕಂಪ್ಯೂಟರ್ ಆರಿಸಿದ ಕೂಡಲೇ ಅದು ಮಾಯವಾಗುತ್ತದೆ. ಅದರಲ್ಲಿ ಹಾಜರಿ ಫೈಲುಗಳು ಇರಲು ಸಾಧ್ಯವಿಲ್ಲ. ಕೆಳಗೆ ಸಹಿ, ಮೊಹರು. ಜಾಮೀನಿನ ಅರ್ಜಿ ಬಂದಾಗ ಆ ಹಾಳೆಯನ್ನು ಕೋರ್ಟಿನಲ್ಲಿ ಎಲ್ಲರೆದುರು ಓದಿದ್ದರು. ರಘು ಸುಳ್ಳುಗಾರನಾದ.

ಅವಳು ವಾಪಸು ಬಂದು ಕೂತಳು. "ಸಾರ್, ನಾನು ಬರೆದುಕೊಟ್ಟ ಕಾಗದ ತಪ್ಪು" ಎಂದಳು.

ಪ್ರೇಮ್‌ಕುಮಾರ್ ಕುರ್ಚಿಯನ್ನು ಹತ್ತಿರ ಎಳೆದುಕೊಂಡ. ಅವನು ಮಾತಿನ ಮಧ್ಯೆ ಬಾಯಿ ಹಾಕುವವನಲ್ಲ.

ಅವಳು ಒಂದು ಕಾಗದ ತೆಗೆದು ಅಕ್ಷರಗಳನ್ನು ಬರೆದು ತೋರಿಸಿದಳು. ಖಾಲಿ ಹಾರ್ಡ್‌ಡಿಸ್ಕಿಗೆ ವಿಂಡೋಸ್ ಹಾಕಬೇಕಾದರೆ ಮೊದಲು ಫ್ಲಾಪಿಯಿಂದ ಕಂಪ್ಯೂಟರ್ ಶುರು ಮಾಡಬೇಕು. ಆ ಫ್ಲಾಪಿ ತನ್ನ ಸಾಮಾನು ಸರಂಜಾಮು ಹರಡಿಕೊಳ್ಳಲು ಕಂಪ್ಯೂಟರಿನ ಮೆಮೊರಿಯಲ್ಲೇ ಒಂದು ಡ್ರೈವ್ ಕಟ್ಟಿಕೊಳ್ಳುತ್ತದೆ. ಅಕ್ಷರ ಹಂಚುವುದಕ್ಕೆ ಒಂದು ಸರದಿ ಇದೆ. ಮೊದಲು ಹಾರ್ಡ್‌ಡಿಸ್ಕುಗಳು, ಆಮೇಲೆ ಆ ತಾತ್ಕಾಲಿಕ ಡ್ರೈವ್, ಕೊನೆಗೆ ಸಿಡಿ. ಹಾರ್ಡ್‌ಡಿಸ್ಕ್ ಒಂದೇ ಇದ್ದರೆ ಅದು ಸಿ, ತಾತ್ಕಾಲಿಕದ್ದು ಡಿ, ಸಿಡಿಗೆ ಇ. ವಿಂಡೋಸ್ ತಾನು ಯಾವ ಅಕ್ಷರದಿಂದ ಬಂದೆ ಎಂಬುದನ್ನು ಒಳಗೆ ಬರೆದಿಟ್ಟುಕೊಳ್ಳುತ್ತದೆ, ಮುಂದೆ ಎಂದಾದರೂ ಸಿಡಿ ಬೇಕಾದರೆ ಅಲ್ಲೇ ಹುಡುಕುತ್ತದೆ.

"ಇದು ಎಫ್‌ನಿಂದ ಬಂದೆ ಅಂತಿದೆ. ಅಂದ್ರೆ ಮಧ್ಯೆ ಒಂದು ಅಕ್ಷರ ಜಾಸ್ತಿ ಆಗಿದೆ. ಅವತ್ತು ಈ ಪೆಟ್ಟಿಗೆ ಒಳಗೆ ಎರಡು ಹಾರ್ಡ್‌ಡಿಸ್ಕ್ ಇದ್ವು ಸಾರ್."

"ಎರಡನೇದು ಡಿ" ಎಂದ ಪ್ರೇಮ್‌ಕುಮಾರ್.

"ಹೌದು. ರಘು ನೋಡಿದ್ದು ಅದನ್ನೇ."

ಇದೇ ಡಿಸ್ಕನ್ನು ಎರಡು ಭಾಗ ಮಾಡಿದ್ದರೂ ಅಕ್ಷರ ಹೆಚ್ಚಾಗುವುದಿಲ್ಲವೇ ಎಂದು ಅವನು ಕೇಳಿದ. ಒಳ್ಳೆಯ ಪ್ರಶ್ನೆ. ಅವಳು ಡಿಸ್ಕಿನ ಲೆಕ್ಕ ತೆಗೆದು ತೋರಿಸಿದಳು. ಮೊದಲಿಂದ ಕೊನೆಯವರೆಗೂ ಒಂದೇ ಭಾಗ.

ಆಮೇಲೆ ಅವನ ಒಪ್ಪಿಗೆ ಪಡೆದು ಪೆಟ್ಟಿಗೆಯ ಸ್ಕ್ರೂ ಬಿಚ್ಚಿದಳು. ಒಳಗೆಲ್ಲ ಬಣ್ಣದ ಕಾರ್ಖಾನೆಯ ಧೂಳು. ಫ್ಯಾನಿನ ರೆಕ್ಕೆ, ವೈರುಗಳು, ಬೋರ್ಡು, ಎಲ್ಲದರ ಮೇಲೂ ಕುಂಕುಮ ಸವರಿದಂಥ ತೆಳು ಕೆಂಪು. ಹಾರ್ಡ್‌ಡಿಸ್ಕ್ ಮಾತ್ರ ಅಂಗಡಿಯಿಂದ ಆಗ ತಾನೇ ತಂದಂತೆ ಬೆಳ್ಳಗಿತ್ತು. ಅದರ ನಾಲ್ಕು ಸ್ಕ್ರೂಗಳೂ ಹೊಳೆಯುತ್ತಿದ್ದವು.

ಹಳೆಯ ಡಿಸ್ಕಿನಿಂದ ಬೇಕಾದ್ದನ್ನು ಇದಕ್ಕೆ ತುಂಬಿಕೊಂಡು, ಪಟ್ಟಿ ತಿದ್ದಿ, ಹಳೆಯದನ್ನು ತೆಗೆದುಕೊಂಡು ಹೋಗಿದ್ದಾರೆ. ಕಂಪ್ಯೂಟರ್ ಅದೇ, ಒಳಗಿನ ಡಿಸ್ಕ್ ಬೇರೆ.

ಅವತ್ತು ನೀವು ಪೆಟ್ಟಿಗೆ ಬಿಚ್ಚಿ ನೋಡಿದ್ದಿರಾ ಎಂದು ಪ್ರೇಮ್‌ಕುಮಾರ್ ಮೆಲ್ಲಗೆ ಕೇಳಿದ. ಅದರಲ್ಲಿ ಸಿಟ್ಟಿರಲಿಲ್ಲ. ಇದ್ದಿದ್ದರೆ ಅವಳಿಗೆ ಹಗುರವಾಗುತ್ತಿತ್ತು.

ನೋಡಿರಲಿಲ್ಲ. ಹನ್ನೊಂದಕ್ಕೆ ಕಂಪ್ಯೂಟರ್ ಡಿಪ್ಲೊಮಾದ ಕ್ಲಾಸಿತ್ತು. ಹತ್ತು ನಿಮಿಷ ಪರದೆ ನೋಡಿ, ವಿಂಡೋಸ್ ಹಾಕಿದ ಮೆಕ್ಯಾನಿಕ್ಕಿಗೆ ಫೋನಿನಲ್ಲಿ ಒಂದು ಪ್ರಶ್ನೆ ಕೇಳಿ ಬರೆದುಕೊಟ್ಟಿದ್ದಳು. ಆ ಮೆಕ್ಯಾನಿಕ್ ಹೆಸರು ರಾಜೇಂದ್ರ. ನಾಲ್ಕು ವರ್ಷದ ಹಿಂದೆ ಇದೇ ಕೋಣೆಯಲ್ಲಿ, ಇದೇ ಕಿಟಕಿಯ ಪಕ್ಕದ ಬೆಂಚಿನಲ್ಲಿ ಕೂತು ಅವಳಿಂದ ಕಂಪ್ಯೂಟರ್ ಕಲಿತವನು. ತನ್ನ ಶಿಷ್ಯನ ಮಾತೆಂದೇ ಅವಳು ಎರಡನೆಯ ಪ್ರಶ್ನೆ ಕೇಳಿರಲಿಲ್ಲ.

ಹೊಸ ಕಾಗದ ಬರೆದು ಕೊಡಿ, ಸೋಮವಾರ ಕೋರ್ಟಿಗೆ ಹಾಕೋಣ ಎಂದ ಪ್ರೇಮ್‌ಕುಮಾರ್. ಎದ್ದು ಟೋಪಿ ತೆಗೆದುಕೊಂಡ. "ಆದ್ರೆ ಬರೀ ಅಕ್ಷರದ ಮೇಲೆ ಕೇಸ್ ನಿಲ್ಲಲ್ಲ ಮೇಡಂ. ಆ ಹಳೇ ಡಿಸ್ಕ್ ಬೇಕು."

ಶನಿವಾರ ಬೆಳಿಗ್ಗೆ ಅವಳು ತನ್ನ ಕೇಂದ್ರದ ಒಂದು ಕಂಪ್ಯೂಟರಿನ ಮೇಲೆ ಪರೀಕ್ಷೆ ಮಾಡಿದಳು. ಒಂದು ಡಿಸ್ಕ್ ಇಟ್ಟು ವಿಂಡೋಸ್ ಹಾಕಿದಳು. ಚೌಕದಲ್ಲಿ ಇ ಬಂತು. ಎರಡು ಡಿಸ್ಕ್ ಇಟ್ಟು ಹಾಕಿದಳು, ಎಫ್ ಬಂತು. ತಾನು ತಪ್ಪೆಂದು ತಾನೇ ರುಜುವಾತು ಮಾಡಿಕೊಳ್ಳಲು ಎರಡೂವರೆ ಗಂಟೆ ಹಿಡಿಯಿತು. ಇಷ್ಟೇ ಹೊತ್ತು ಅಂದು ಕೊಟ್ಟಿದ್ದರೆ ಸಾಕಾಗಿತ್ತು.

ಫಲಿತಾಂಶ ಬರೆದಿಟ್ಟು ಬಾಗಿಲು ಹಾಕಿ ನಂಜನಗೂಡಿನ ಬಸ್ಸು ಹತ್ತಿದಳು. ಅಲ್ಲಿಂದ ಕಳಲೆಗೆ.

ರಘುವಿನ ಮನೆ ಕೇಳಿಕೊಂಡು ಹೋದಾಗ ಅವನ ಅಪ್ಪ ಚಾಮಯ್ಯ ಜಗಲಿಯ ಮೇಲೆ ಕೂತು ಹಗ್ಗ ಹೊಸೆಯುತ್ತಿದ್ದ. ತಲೆ ಎತ್ತಲಿಲ್ಲ. ತಾಯಿ ಗುರುಸಿದ್ದಮ್ಮ ಹೊರಗೆ ಬಂದು, ಬ್ಯಾಗು ಹಾಕಿಕೊಂಡು ನಿಂತ ಹೆಂಗಸನ್ನು ನೋಡಿ ಯಾರೋ ಮೇಷ್ಟ್ರಮ್ಮ ಎಂದುಕೊಂಡಳು. ಚಾಪೆ ಹಾಸಿದಳು, ಮಜ್ಜಿಗೆ ತಂದುಕೊಟ್ಟಳು. ಸೊಸೆ ವನಿತಾ ಗಂಡನಿಗೆ ಒಗೆದ ಬಟ್ಟೆ ಕೊಡಲು ಮೈಸೂರಿಗೆ ಹೋಗಿದ್ದಳಂತೆ.

ಯಶೋಧರಾ ಮಜ್ಜಿಗೆಯ ಲೋಟ ಹಿಡಿದುಕೊಂಡೇ ಕೂತಳು. ಹೇಗೆ ಶುರು ಮಾಡುವುದೆಂದು ಬಸ್ಸಿನುದ್ದಕ್ಕೂ ಯೋಚಿಸಿದ್ದ ಮಾತೊಂದೂ ನಾಲಿಗೆಗೆ ಬರಲಿಲ್ಲ.

ಗುರುಸಿದ್ದಮ್ಮನೇ ಮಾತಾಡಿದಳು. ಮಗನನ್ನು ಮೊದಲ ಸಲ ಜೈಲಿನಲ್ಲಿ ನೋಡಲು ಹೋದಾಗ ಅವನು ಅಳಲಿಲ್ಲವಂತೆ. ನರಸೀಪುರದಲ್ಲಿ ಕಂಪ್ಯೂಟರ್ ಓದಿದ ಮೇಡಂ ಒಬ್ಬರಿದ್ದಾರೆ, ಅವರ ಹತ್ತಿರ ಪೆಟ್ಟಿಗೆ ಕಳಿಸಿದ್ದಾರೆ, ಅವರಿಗೆ ಗೊತ್ತಾಗುತ್ತದೆ ಎಂದು ತಾನೇ ತಾಯಿಗೆ ಧೈರ್ಯ ಹೇಳಿದನಂತೆ. ಎರಡನೆಯ ಸಲ ಹೋದಾಗ ಆ ಮಾತು ಎತ್ತಲಿಲ್ಲ. ಊಟ ಮಾಡಿದೆಯೇನಪ್ಪ ಎಂದರೆ ಹೂಂ ಎಂದು ಎದ್ದು ಒಳಗೆ ಹೋದನಂತೆ.

"ಆ ಮೇಡಂ ನಾನೇ ಅಮ್ಮ" ಎಂದಳು ಯಶೋಧರಾ. "ಕಾಗದ ಬರೆದವಳು ನಾನೇ. ನಿಮ್ಮ ಮಗ ಹೇಳಿದ್ದು ನಿಜ. ನಾನು ಸರಿಯಾಗಿ ನೋಡ್ಲಿಲ್ಲ."

ಚಾಮಯ್ಯನ ಕೈಯ ಹಗ್ಗ ನಿಂತಿತು. ಗುರುಸಿದ್ದಮ್ಮ ಬಹಳ ಹೊತ್ತು ಅವಳ ಮುಖವನ್ನೇ ನೋಡಿದಳು. ಬೈಯಲಿಲ್ಲ. ಸೆರಗಿನಿಂದ ಕಣ್ಣೊರೆಸಿಕೊಳ್ಳಲೂ ಇಲ್ಲ.

"ನೀವ್ ಬರ್ದಿದ್ದ ನೀವೇ ಅಳಿಸ್ಬೇಕು ಕಣವ್ವ" ಎಂದಳು ಕೊನೆಗೆ. "ನಂಗೆ ಓದಾಕ್ ಬರಾಕಿಲ್ಲ. ಬಂದಿದ್ರೆ ನಾನೇ ಓಗಿ ಅಳಿಸ್‌ಬುಡ್ತಿದ್ದೆ."

ಆಮೇಲೆ ಮಜ್ಜಿಗೆ ಕುಡಿಯುವಂತೆ ಹೇಳಿದಳು. ಬಂದವರನ್ನು ಬರಿಹೊಟ್ಟೆಯಲ್ಲಿ ಕಳಿಸುವ ರೂಢಿ ಆ ಮನೆಯಲ್ಲಿರಲಿಲ್ಲ. ಯಶೋಧರಾ ಕುಡಿದಳು.

ಭಾನುವಾರ ಹತ್ತು ಗಂಟೆಗೆ ಅವಳು ರಾಜೇಂದ್ರನ ಅಂಗಡಿಯಲ್ಲಿದ್ದಳು. ನಂಜನಗೂಡಿನ ಪೇಟೆಬೀದಿಯ ಒಂದು ಮಹಡಿ. ಸುತ್ತ ಬಿಚ್ಚಿಹಾಕಿದ ಮಾನಿಟರುಗಳು, ಕೀಬೋರ್ಡುಗಳ ರಾಶಿ. ರಾಜೇಂದ್ರ ಗಡಿಬಿಡಿಯಿಂದ ಕುರ್ಚಿ ಒರೆಸಿ ಕೊಟ್ಟ. ಮದುವೆಯಾಗಿತ್ತು, ಮೈ ತುಂಬಿಕೊಂಡಿತ್ತು. ಅವಳ ಮುಂದೆ ಮಾತ್ರ ಈಗಲೂ ಕೈಕಟ್ಟಿಕೊಂಡೇ ನಿಲ್ಲುತ್ತಿದ್ದ.

ಅವಳು ಕೂರಲಿಲ್ಲ. ತ್ರಿಧಾರಾದ ಕಂಪ್ಯೂಟರ್ ಸಿಡಿ ಕೇಳುವಾಗ ಎಫ್ ತೋರಿಸುತ್ತದೆ ಎಂದಳು.

ಅವನಿಗೆ ವಿವರಿಸಬೇಕಾಗಿರಲಿಲ್ಲ. ಅಕ್ಷರಗಳ ಸರದಿಯನ್ನು ಹಲಗೆಯ ಮೇಲೆ ಬರೆದು ಅವನಿಗೆ ಕಲಿಸಿದ್ದೇ ಅವಳು. ರಾಜೇಂದ್ರ ಬಾಗಿಲ ಕಡೆ ನೋಡಿದ, ಆಮೇಲೆ ನೆಲ ನೋಡಿದ.

"ಮೇಡಂ, ಅವತ್ತು ಫೋನಲ್ಲಿ ನೀವು ಕೇಳಿದ್ದು ಒಂದೇ ಮಾತು. ಫ್ಲಾಪಿಯಿಂದ ಬೂಟ್ ಮಾಡಿದ್ಯಾ ಅಂತ. ಹೂಂ ಅಂದೆ. ಅದು ಸುಳ್ಳಲ್ಲ."

"ಅಲ್ಲ."

"ಎಷ್ಟು ಡಿಸ್ಕ್ ಇದ್ವು ಅಂತ ಕೇಳಿದ್ರೆ ಹೇಳ್ಬಿಡೋಣ ಅಂತ ಫೋನ್ ಹಿಡ್ಕೊಂಡೇ ನಿಂತಿದ್ದೆ. ನೀವು ಕೇಳ್ಲಿಲ್ಲ. ಸರಿ ಕಣಪ್ಪ ಅಂತ ಇಟ್ಬಿಟ್ರಿ."

ಆ ಮಾತು ಅವಳಿಗೆ ಎಲ್ಲಿ ತಾಕಬೇಕೋ ಅಲ್ಲೇ ತಾಕಿತು.

"ನಾನು ಕೇಳದೆ ಇದ್ದದ್ದಕ್ಕೆ ರಘು ಜೈಲಲ್ಲಿದ್ದಾನೆ" ಎಂದಳು ಆಮೇಲೆ. "ನೀನು ಹೇಳದೆ ಇದ್ದದ್ದಕ್ಕೂ. ನನ್ನ ಪಾಲಿಂದು ನಾನು ಬರೆದಿಟ್ಟಿದ್ದೀನಿ. ನಿನ್ನ ಪಾಲಿಂದು ನೀನು ಹೇಳು ರಾಜೇಂದ್ರ."

ಅವನು ಸ್ಟೂಲಿನ ಮೇಲೆ ಕುಸಿದು ಕೂತ. ನಿಧಾನವಾಗಿ ಒಂದೊಂದೇ ಹೊರಗೆ ಬಂತು.

ಆ ಭಾನುವಾರ ಬೆಳಿಗ್ಗೆ ಮ್ಯಾನೇಜರೇ ಫೋನ್ ಮಾಡಿದ್ದ. ವೈರಸ್ ಬಂದಿದೆ, ಹೊಸ ಡಿಸ್ಕ್ ತೆಗೆದುಕೊಂಡು ಬಾ ಎಂದಿದ್ದ. ರಾಜೇಂದ್ರ ಹೊಸದನ್ನು ಕೂರಿಸಿ, ಹಳೆಯದನ್ನು ಪಕ್ಕದಲ್ಲೇ ಜೋಡಿಸಿ, ಫ್ಲಾಪಿಯಿಂದ ಶುರು ಮಾಡಿದ. ಹಾಜರಿ ಫೈಲುಗಳನ್ನು ನಕಲು ಮಾಡುತ್ತಿದ್ದಾಗ ರಘು ಕೊಡೆ ಹುಡುಕಿಕೊಂಡು ಬಂದು ಪರದೆ ನೋಡಿ ಹೋದ. ವಿಂಡೋಸ್ ಹಾಕಿ ಮುಗಿದ ಮೇಲೆ ಮ್ಯಾನೇಜರ್ ಇವನನ್ನು ಟೀಗೆ ಕಳಿಸಿ, ತಾನೊಬ್ಬನೇ ಅರ್ಧ ಗಂಟೆ ಅದರ ಮುಂದೆ ಕೂತಿದ್ದ. ಹೋಗುವಾಗ ಹಳೆಯ ಡಿಸ್ಕನ್ನು ಕೈಗೆ ಕೊಟ್ಟು, ಸೇತುವೆ ಮೇಲೆ ಹೋಗುವಾಗ ಹೊಳೆಗೆ ಎಸೆದುಬಿಡು ಎಂದ. ಮರುದಿನ ಕಲ್ಲಯ್ಯನ ಹೆಣ ಸಿಕ್ಕಿದ ಸುದ್ದಿ ಬಂತು. ಅದಾದ ಮೇಲೆ ಬಾಯಿ ಬಿಟ್ಟರೆ ತನ್ನನ್ನೂ ಕಟ್ಟಿಹಾಕುತ್ತಾರೆಂದು ಅವನಿಗೆ ಹೆದರಿಕೆ ಹತ್ತಿತು. ಆ ಸಾಲಿನ ಕಾರ್ಖಾನೆಗಳೆಲ್ಲ ಅವನ ಗಿರಾಕಿಗಳೇ.

"ಎಸೆದ್ಯಾ?" ಎಂದು ಕೇಳಿದಳು ಯಶೋಧರಾ.

ರಾಜೇಂದ್ರ ಎದ್ದು ಅಟ್ಟದ ಮೇಲಿನಿಂದ ಹಳೆಯ ಬಿಸ್ಕತ್ತಿನ ಡಬ್ಬಿಯೊಂದನ್ನು ಇಳಿಸಿದ. ನ್ಯೂಸ್‌ಪೇಪರಿನಲ್ಲಿ ಸುತ್ತಿದ ಡಿಸ್ಕ್ ಅದರಲ್ಲಿತ್ತು. ಅಂಚಿನಲ್ಲೆಲ್ಲ ಕೆಂಪು ಧೂಳು.

"ಓಡ್ತಾ ಇರೋ ಡಿಸ್ಕ್ ಮೇಡಂ. ನೀರಿಗೆ ಹಾಕೋಕೆ ಕೈ ಬರ್ಲಿಲ್ಲ."

ಅವಳು ಅದನ್ನು ಮುಟ್ಟಲಿಲ್ಲ. ಮುಟ್ಟಿದರೆ ನಾಳೆ ಕೋರ್ಟಿನಲ್ಲಿ ಇನ್ನೊಂದು ತಕರಾರು. ಕೆಳಗಿನ ಎಸ್‌ಟಿಡಿ ಬೂತಿಗೆ ಇಳಿದು ಪ್ರೇಮ್‌ಕುಮಾರನಿಗೆ ಫೋನ್ ಮಾಡಿದಳು. ಅವನು ಇಬ್ಬರು ಪಂಚರನ್ನು ಕರೆತಂದು ಮಹಜರು ಬರೆಸಿ, ಡಬ್ಬಿಗೆ ಅರಗಿನ ಮುದ್ರೆ ಒತ್ತಿಸಿದ. ರಾಜೇಂದ್ರ ಸಹಿ ಹಾಕಿದ. ಯಶೋಧರಾ ಅವನ ಪಕ್ಕದಲ್ಲೇ ನಿಂತಿದ್ದಳು. ಸಮಾಧಾನ ಹೇಳುವ ಯೋಗ್ಯತೆ ತನಗಿದೆಯೆಂದು ಅವಳಿಗೆ ಅನಿಸಲಿಲ್ಲ.

ಸೋಮವಾರ ಹನ್ನೊಂದೂವರೆಗೆ ನಂಜನಗೂಡಿನ ಕೋರ್ಟಿನಲ್ಲಿ ಅವಳ ಹೊಸ ಅಭಿಪ್ರಾಯ ದಾಖಲಾಯಿತು. ಹಿಂದಿನ ಕಾಗದ ತಪ್ಪು, ತಾನು ಪೂರ್ತಿ ಪರೀಕ್ಷಿಸದೆ ಬರೆದಿದ್ದೆ ಎಂಬ ಸಾಲನ್ನು ಅವಳು ಮೊದಲಿಗೇ ಹಾಕಿದ್ದಳು. ಹಳೆಯ ಡಿಸ್ಕ್ ಸಿಕ್ಕಿದೆ ಎಂಬುದೂ ಅದರಲ್ಲಿತ್ತು. ನಕಲೊಂದು ಕಾರ್ಖಾನೆಯ ವಕೀಲರ ಕೈ ಸೇರಿತು. ರಘುವಿನ ಜಾಮೀನಿನ ವಿಚಾರಣೆ ಮರುದಿನಕ್ಕೆ ನಿಗದಿಯಾಯಿತು. ಮುದ್ರೆ ಒಡೆದು ಡಿಸ್ಕ್ ನೋಡಲು ಅನುಮತಿಯೂ ಸಿಕ್ಕಿತು.

ಅಷ್ಟಾದರೂ ಅವಳ ಎದೆಯ ಭಾರ ಇಳಿಯಲಿಲ್ಲ. ಇಪ್ಪತ್ತೈದು ದಿನ ಇಪ್ಪತ್ತೈದೇ. ಅವನ್ನು ಯಾವ ಅರ್ಜಿಯೂ ವಾಪಸು ಕೊಡುವುದಿಲ್ಲ.

ಒಂದು ಗಂಟೆಗೆ ಪೊಲೀಸ್ ಸ್ಟೇಷನ್ನಿನಲ್ಲಿ ಪಂಚರ ಎದುರು ಹಳೆಯ ಡಿಸ್ಕನ್ನು ಎರಡನೆಯ ಡ್ರೈವಾಗಿ ಜೋಡಿಸಿದಳು. ಪರದೆಯ ಮೇಲೆ ಡಿ ಬಂತು. ರಘು ಕಂಡ ಡಿ. ತೆರೆದರೆ, ಅವನು ಹೇಳಿದಂತೆಯೇ ಹಾಜರಿ ಫೈಲುಗಳು ಸಾಲಾಗಿ ನಿಂತಿದ್ದವು.

ಆ ಶನಿವಾರದ ಪಟ್ಟಿ ತೆಗೆದಳು. ಕಲ್ಲಯ್ಯ, ಕಳಲೆ. ಒಳಗೆ ಬಂದದ್ದು ಎಂಟು ಗಂಟೆ ಎರಡು ನಿಮಿಷಕ್ಕೆ. ಹೊರಗೆ ಹೋದ ವೇಳೆಯ ಕಾಲಂ ಖಾಲಿ.

ಪ್ರೇಮ್‌ಕುಮಾರ್ ದೀರ್ಘವಾಗಿ ಉಸಿರು ಬಿಟ್ಟ. ಕಲ್ಲಯ್ಯ ಗೇಟು ದಾಟಲೇ ಇಲ್ಲ.

"ತಡೀರಿ ಸಾರ್" ಎಂದಳು ಯಶೋಧರಾ.

ಈ ಸಲ ಅವಳು ಆತುರಪಡುವುದಿಲ್ಲವೆಂದು ನಿರ್ಧರಿಸಿದ್ದಳು. ಹೊಸ ಡಿಸ್ಕಿನಿಂದ ತೆಗೆದ ಪ್ರಿಂಟನ್ನು ಪಕ್ಕದಲ್ಲಿಟ್ಟು ಎರಡೂ ಪಟ್ಟಿಗಳನ್ನು ಸಾಲು ಸಾಲಾಗಿ, ಬೆರಳಿಟ್ಟು ಹೋಲಿಸುತ್ತ ಬಂದಳು. ಕಲ್ಲಯ್ಯನ ಕೆಳಗಿನ ಸಾಲಿಗೆ ಬಂದಾಗ ಬೆರಳು ನಿಂತಿತು. ಹಳೆಯದರಲ್ಲಿ ಅಲ್ಲೊಂದು ಹೆಸರಿತ್ತು. ಹೊಸದರಲ್ಲಿ ಆ ಹೆಸರೇ ಇಲ್ಲ.

ರಾಚಯ್ಯ, ತಲಕಾಡು. ಒಳಗೆ ಬಂದದ್ದು ಎಂಟು ಗಂಟೆ ಮೂರು ನಿಮಿಷಕ್ಕೆ. ಹೊರಗೆ ಹೋದ ವೇಳೆಯ ಕಾಲಂ ಖಾಲಿ.

ಟ್ಯಾಂಕಿಗೆ ಇಳಿದವರು ಇಬ್ಬರಿರಬೇಕು. ಒಬ್ಬನ ಹೆಣ ಸಿಕ್ಕಿದೆ. ಇನ್ನೊಬ್ಬ ಕಾಣೆಯಾಗಿದ್ದಾನೆಂದು ಯಾರೂ ದೂರು ಕೊಟ್ಟಿಲ್ಲ. ಹಿಂದಿನ ವಾರಗಳ ಪಟ್ಟಿಗಳನ್ನು ನೋಡಿದರೆ ಅಲ್ಲೂ ಹಾಗೆಯೇ. ಹಳೆಯ ಡಿಸ್ಕಿನಲ್ಲಿ ರಾಚಯ್ಯ ಎರಡು ತಿಂಗಳು ದಿನವೂ ಕೆಲಸಕ್ಕೆ ಬಂದಿದ್ದಾನೆ. ಹೊಸದರಲ್ಲಿ ಅಂಥ ಮನುಷ್ಯ ಹುಟ್ಟೇ ಇಲ್ಲ.

ಪ್ರೇಮ್‌ಕುಮಾರ್ ಮಫ್ತಿಗೆ ಬದಲಾಯಿಸಿಕೊಂಡ. ಪೊಲೀಸ್ ಜೀಪು ಕಂಡರೆ ಮನೆಯವರು ಬೆದರಿ ಬಾಯಿ ಮುಚ್ಚಿಕೊಳ್ಳುತ್ತಾರೆಂದು ಬಾಡಿಗೆ ಕಾರು ತರಿಸಿದ. ನೀವು ಬರಬೇಕಾಗಿಲ್ಲ ಎಂದು ಅವಳಿಗೆ ಹೇಳಿದ. ಅವಳು ಹಿಂದಿನ ಸೀಟಿನಲ್ಲಿ ಕೂತಾಗಿತ್ತು.

ತಲಕಾಡು ತಲುಪಿದಾಗ ಮೂರೂವರೆ. ಮರಳುದಿಬ್ಬದ ಬುಡದ ಬೀದಿಯ ಕೊನೆಯಲ್ಲಿ ರಾಚಯ್ಯನ ಅಕ್ಕ ಚನ್ನಾಜಮ್ಮನ ಮನೆ. ತಮ್ಮನನ್ನು ಸಾಕಿ ದೊಡ್ಡವನನ್ನಾಗಿ ಮಾಡಿದವಳು ಆಕೆಯೇ ಎಂದು ದಾರಿ ತೋರಿಸಿದವರು ಹೇಳಿದ್ದರು. ಅಳುವ ಹೆಂಗಸನ್ನು ಕಾಣಲು ಯಶೋಧರಾ ಮನಸ್ಸು ಗಟ್ಟಿಮಾಡಿಕೊಂಡಿದ್ದಳು.

ಚನ್ನಾಜಮ್ಮ ಮನೆಯ ಬಾಗಿಲಿಗೆ ಬೀಗ ಹಾಕುತ್ತಿದ್ದಳು. ಮಡಿಕೆ ಮುರಿಯದ ಸೀರೆ ಉಟ್ಟು, ತಲೆಗೆ ಎಣ್ಣೆ ಹಚ್ಚಿ ಬಾಚಿ, ಕಂಕುಳಲ್ಲಿ ಬಟ್ಟೆಯ ಗಂಟು ಹಿಡಿದಿದ್ದಳು. ಕಾರು ಕಂಡು ಅವಳ ಮುಖ ಅರಳಿತು.

ಬಂದವರು ಹೆಸರು ಹೇಳುವ ಮೊದಲೇ ಅವಳು ಮಾತು ಶುರು ಮಾಡಿದಳು. ತಮ್ಮ ಪ್ರತಿ ಶನಿವಾರ ಮುಂದಿನ ಅಂಗಡಿಯ ಫೋನಿಗೆ ಫೋನ್ ಮಾಡುತ್ತಿದ್ದನಂತೆ. ಮೊನ್ನೆ ಶನಿವಾರವೂ ಮಾಡಿದ್ದ. ಯಶೋಧರಾ ಮತ್ತು ಪ್ರೇಮ್‌ಕುಮಾರ್ ಒಬ್ಬರ ಮುಖ ಒಬ್ಬರು ನೋಡಿಕೊಂಡರು. ರಾಚಯ್ಯ ಬದುಕಿದ್ದ.

ಅವನು ಎಲ್ಲಿದ್ದಾನೆಂದು ಯಶೋಧರಾ ಕೇಳಿದಳು. ಅದು ಚನ್ನಾಜಮ್ಮನಿಗೆ ಗೊತ್ತಿರಲಿಲ್ಲ. ಕಾರ್ಖಾನೆಯವರೇ ಎಲ್ಲೋ ಇಟ್ಟುಕೊಂಡು ಅನ್ನ ಹಾಕುತ್ತಿದ್ದಾರೆ, ಯಾರಿಗೂ ಹೇಳಬೇಡ ಎಂದಿದ್ದನಂತೆ. ಜೊತೆಯವನು ಟ್ಯಾಂಕಿನಲ್ಲಿ ಸತ್ತದ್ದನ್ನು ಕಂಡು ತುಂಬ ಹೆದರಿದ್ದನಂತೆ ಕೂಡ.

"ಅದ್ಯಾರೋ ಕಂಪ್ಯೂಟ್ರು ಮೇಡಮ್ಮ ಕಾಗ್ದ ಬರ್ಕೊಟ್ಟವ್ರಂತೆ, ಪೆಟ್ಗೆಲಿ ಬೇರೆ ಏನೂ ಇರ್ನಿಲ್ಲ ಅಂತ. ಆ ಕಾಗ್ದ ಇರೋಗಂಟ ನಾನಿದ್ದೆ ಅಂತ ಯಾರ್ಗೂ ಗೊತ್ತಾಗಾಕಿಲ್ಲ, ನನ್ನ ಏನೂ ಮಾಡಾಕಿಲ್ಲ ಕಣಕ್ಕ ಅಂದ. ಅದು ಸುಳ್ಳು ಅಂತ ಆದ್ರೆ ನನ್ನ ಬಿಡಾಕಿಲ್ಲ ಅಂದ. ಏನೇನೋ ಏಳ್ತಾನೆ. ನಂಗೇನ್ ಗೊತ್ತಾಯ್ತದೆ."

ಯಶೋಧರಾಳ ಕೈ ಕಾರಿನ ಬಾಗಿಲನ್ನು ಹುಡುಕಿತು. ಅವಳು ಬೆಳಿಗ್ಗೆ ಆ ಕಾಗದವನ್ನು ಸುಳ್ಳು ಮಾಡಿ ಬಂದಿದ್ದಳು. ಒಬ್ಬನನ್ನು ಬಿಡಿಸಲು ಸಹಿ ಹಾಕಿದ ಗಳಿಗೆಯಲ್ಲೇ ಇನ್ನೊಬ್ಬನನ್ನು ಕೊಟ್ಟುಬಂದಿದ್ದಳು. ಆ ನಕಲು ವಕೀಲರ ಕೈ ಸೇರಿ ನಾಲ್ಕು ಗಂಟೆ ಆಗಿತ್ತು.

ಈಗ ಎಲ್ಲಿಗೆ ಹೊರಟಿದ್ದೀರಿ ಎಂದು ಪ್ರೇಮ್‌ಕುಮಾರ್ ಚನ್ನಾಜಮ್ಮನನ್ನು ಕೇಳಿದ. ಅವನ ದನಿ ಬದಲಾಗಿತ್ತು.

ಚನ್ನಾಜಮ್ಮ ಅವನನ್ನು ವಿಚಿತ್ರವಾಗಿ ನೋಡಿದಳು.

"ನೀವೇ ಅಲ್ವಾ ಸಾ ಮಧ್ಯಾನ ಫೋನ್ ಮಾಡ್ಸಿದ್ದು. ತಮ್ಮನ್ನ ಬುಡ್ತೀವಿ, ಬಂದ್ ಕರ್ಕೊಂಡೋಗು, ಕಾರ್ ಕಳಿಸ್ತೀವಿ ಅಂದ್ರಲ್ಲ." ಗಂಟನ್ನು ತಟ್ಟಿ ತೋರಿಸಿದಳು. "ನೀವ್ ಏಳ್ದಂಗೆ ಅವ್ನ್ ಫೋಟಾ, ರೇಷನ್ ಕಾರ್ಡು, ಇಸ್ಕೂಲ್ ಚೀಟಿ, ಅವ್ನ ಹೆಸ್ರಿರೋವೆಲ್ಲಾ ತಕ್ಕಂಡಿವ್ನಿ. ಒಂದೂ ಮನೇಲಿ ಬುಟ್ಟಿಲ್ಲ."

ಹಾಗೆಂದವಳು ತಾನೇ ಬಾಗಿಲು ತೆರೆದು, ಗಂಟನ್ನು ಎದೆಗವಚಿಕೊಂಡು ಹಿಂದಿನ ಸೀಟಿನಲ್ಲಿ ಕೂತಳು.

ಕಾರ್ಖಾನೆಯವರು ಕಳಿಸುತ್ತೇವೆಂದಿದ್ದ ಕಾರು ಇನ್ನೂ ಬರಬೇಕಿತ್ತು. ಬೀದಿಯ ಆ ತುದಿಯಲ್ಲಿ ಬಿಳಿಯ ಕಾರೊಂದು ತಿರುವಿನಿಂದ ಹೊರಳಿ, ಮರಳಿನಲ್ಲಿ ಚಕ್ರ ಹೂತುಕೊಳ್ಳುತ್ತ ನಿಧಾನವಾಗಿ ಬರುತ್ತಿತ್ತು. ಚನ್ನಾಜಮ್ಮನ ಮನೆಯ ಮುಂದೆ ಇನ್ನೊಂದು ಕಾರು ನಿಂತಿರುವುದನ್ನು ಕಂಡು ಅದು ನಿಂತಿತು. ಮುಂದಿನ ಸೀಟಿನಲ್ಲಿದ್ದವನು ಇಳಿಯಲಿಲ್ಲ. ಕಿಟಕಿಯ ಗಾಜು ಇಳಿಸಿ, ಚನ್ನಾಜಮ್ಮನನ್ನಲ್ಲ, ಯಶೋಧರಾಳನ್ನೇ ನೋಡಿದ. ಆಮೇಲೆ, ಬೆಳಿಗ್ಗೆ ಕೋರ್ಟಿಗೆ ಕೊಟ್ಟ ಕಾಗದದ ಕೆಳಗಿದ್ದ ಅವಳ ಹೆಸರು ಹಿಡಿದು ಕರೆದ.